ಗಟ್ಟಿ ನೆಲವೂ ಯಾಕೆ ನಡುಗುತ್ತದೆ?

ರಾಯಚೂರು ಸೀಮೆಯಲ್ಲಿ ಬಾವಿ ತೋಡಿಸಿದವರನ್ನು ಕೇಳಿ ನೋಡಿ: ಮಣ್ಣು ಮುಗಿದರೆ ಬಂಡೆ, ಅದರ ಕೆಳಗೂ ಬಂಡೆ. ಹಾಗಾಗಿ ಗಿಲ್ಲೆಸುಗೂರಿನಲ್ಲೋ ಮಾನ್ವಿಯಲ್ಲೋ ಭೂಗೋಳ ಓದುವ ಮಕ್ಕಳಿಗೆ ಭೂಕಂಪ, ಜ್ವಾಲಾಮುಖಿ ಅಂದರೆ ಜಪಾನು, ಇಂಡೊನೇಷ್ಯಾದ ಸಂಗತಿ ಅನ್ನಿಸುವುದು ಸಹಜ. ಆದರೆ ಎರಡರ ಗುರುತುಗಳೂ ಇಲ್ಲೇ ಆಸುಪಾಸಿನಲ್ಲಿವೆ.

ಭೂಮಿಯ ಹೊರಪದರ ಒಂದೇ ತುಂಡಲ್ಲ. ಏಳು ದೊಡ್ಡ ಫಲಕಗಳು, ಜೊತೆಗೆ ಹಲವು ಸಣ್ಣವು. ಅವುಗಳ ಕೆಳಗಿನ ಬಿಸಿ ಶಿಲೆ ಘನವಾಗಿದ್ದರೂ ಬಹಳ ನಿಧಾನವಾಗಿ ಹರಿಯುತ್ತದೆ, ಫಲಕಗಳು ಅದರ ಮೇಲೆ ಸರಿಯುತ್ತವೆ. ನಮ್ಮ ಫಲಕ ವರ್ಷಕ್ಕೆ ಸುಮಾರು 5 ಸೆಂ.ಮೀ. ಉತ್ತರದ ಕಡೆ ಸಾಗುತ್ತಿದೆ. ಸುಮಾರು 5 ಕೋಟಿ ವರ್ಷಗಳ ಹಿಂದೆ ಅದು ಏಷ್ಯಾಕ್ಕೆ ಗುದ್ದಿದ್ದರಿಂದಲೇ ಹಿಮಾಲಯ ಎದ್ದಿತು. ಭೂಕಂಪ, ಜ್ವಾಲಾಮುಖಿಗಳ ಹಾವಳಿ ಹೆಚ್ಚು ಇರುವುದು ಫಲಕಗಳು ಸಂಧಿಸುವ ಇಂಥ ಅಂಚುಗಳಲ್ಲಿ. ಭಾರತದ ಏಕೈಕ ಸಕ್ರಿಯ ಜ್ವಾಲಾಮುಖಿ ಬ್ಯಾರನ್ ದ್ವೀಪ ಇರುವುದೂ ಅಂಡಮಾನಿನ ಅಂಚಿನಲ್ಲೇ. ರಾಯಚೂರು ಅಂಚಿನಿಂದ ಬಲು ದೂರ.

ಆದರೂ ಇಲ್ಲಿ ಒಂದು ಕಾಲಕ್ಕೆ ಬೆಂಕಿ ಉಕ್ಕಿತ್ತು. ಲಿಂಗಸುಗೂರು ತಾಲ್ಲೂಕಿನ ಹಟ್ಟಿ ಚಿನ್ನದ ಗಣಿಯ ಕಲ್ಲು ಕೈಗೆತ್ತಿಕೊಂಡರೆ ಕಡುಹಸಿರು ಬೆರೆತ ಕಪ್ಪು, ಸಣ್ಣ ಕಣ. 250 ಕೋಟಿ ವರ್ಷಕ್ಕೂ ಹಿಂದೆ ಸಮುದ್ರದ ತಳದಲ್ಲಿ ಹರಿದ ಲಾವಾರಸ ಅದು. ಮುಂದೆ ಒತ್ತಡಕ್ಕೂ ಶಾಖಕ್ಕೂ ಸಿಕ್ಕಿ ರೂಪ ಬದಲಿಸಿತು. ಅದರ ಬಿರುಕುಗಳಲ್ಲಿ ನುಗ್ಗಿದ ಬಿಸಿನೀರು ಬಿಳಿ ಬೆಣಚುಕಲ್ಲಿನ ಜೊತೆ ಚಿನ್ನವನ್ನೂ ಬಿಟ್ಟುಹೋಯಿತು. ರಾಯಚೂರು ಕೋಟೆಯ ಗುಡ್ಡದ ಗ್ರಾನೈಟಿನಲ್ಲಾದರೆ ಹರಳುಗಳು ಬರಿಗಣ್ಣಿಗೇ ಕಾಣುತ್ತವೆ. ಅದು ನೆಲದಾಳದಲ್ಲಿ ನಿಧಾನವಾಗಿ ಆರಿದ ಶಿಲಾಪಾಕ, ಹರಳು ಬೆಳೆಯಲು ಸಮಯ ಸಿಕ್ಕಿತ್ತು.

ಬೆಂಕಿ ಆರಿತು, ಒತ್ತಡ ಆರಲಿಲ್ಲ. ಹಿಮಾಲಯದಲ್ಲಿ ತಡೆದ ಫಲಕದ ಒತ್ತಡ ಒಳನಾಡಿಗೂ ಹಬ್ಬುತ್ತದೆ. ಸ್ತರಭಂಗಗಳು, ಅಂದರೆ ಶಿಲೆಯೊಳಗಿನ ಹಳೆಯ ಬಿರುಕುಗಳು, ಅದನ್ನು ಸಾವಿರಾರು ವರ್ಷ ತಡೆದುಕೊಂಡು, ಒಂದು ದಿನ ಜಾರುತ್ತವೆ. 1993ರ ಸೆಪ್ಟೆಂಬರ್ 30ರ ನಸುಕಿನಲ್ಲಿ ಆದದ್ದು ಇದೇ. ಹಿಂದಿನ ದಿನ ಗಣಪತಿ ಕಳಿಸಿ ಮಲಗಿದ್ದ ಲಾತೂರು ಜಿಲ್ಲೆಯ ಕಿಲ್ಲಾರಿ ಮತ್ತು ಸುತ್ತಲ ಹಳ್ಳಿಗಳು 6.2 ತೀವ್ರತೆಯ ಕಂಪನಕ್ಕೆ ಕುಸಿದವು. ಸರಕಾರಿ ಲೆಕ್ಕದಲ್ಲೇ ಸುಮಾರು 8,000 ಜನ ಸತ್ತರು. ರಾಯಚೂರಿನಿಂದ ಕಿಲ್ಲಾರಿಗೆ ನೇರ ಗೆರೆ ಎಳೆದರೆ ಇನ್ನೂರು ಚಿಲ್ಲರೆ ಕಿ.ಮೀ. ಅಷ್ಟೇ.

ಅಷ್ಟು ಜೀವ ತೆಗೆದದ್ದು ಗೋಡೆಗಳು. ದಪ್ಪ ಕಲ್ಲಿನ ಗೋಡೆ, ನಡುವೆ ಬರೀ ಮಣ್ಣು, ಮೇಲೆ ತೊಲೆಗಳ ಮೇಲೆ ಹೇರಿದ ಭಾರದ ಮಣ್ಣಿನ ಮಾಳಿಗೆ. ನೆಲ ಅಲುಗಿದಾಗ ಗೋಡೆಯ ಒಳಮೈ ಒಂದು ಕಡೆ, ಹೊರಮೈ ಇನ್ನೊಂದು ಕಡೆ ಬಿಟ್ಟುಕೊಂಡು, ಮಾಳಿಗೆ ಮಲಗಿದವರ ಮೇಲೆ ಬಿತ್ತು. ಇಂಥ ಮನೆಗಳು ನಮ್ಮ ಹಳ್ಳಿಗಳಲ್ಲೂ ಇವೆ.

ಭೂಕಂಪದ ವಲಯ ನಕ್ಷೆಯಲ್ಲಿ ರಾಯಚೂರು ಕಡಿಮೆ ಅಪಾಯದ ಭಾಗದಲ್ಲಿ ಬಂದಿದೆ. ಕಡಿಮೆ ಅಂದರೆ ಇಲ್ಲವೇ ಇಲ್ಲ ಅಂತಲ್ಲ. ಯಾವ ದಿನ ನೆಲ ನಡುಗುತ್ತದೆಂದು ಮೊದಲೇ ಹೇಳುವ ವಿದ್ಯೆ ಇನ್ನೂ ಯಾರಿಗೂ ಸಿಕ್ಕಿಲ್ಲ. ಗೋಡೆಯ ಎರಡೂ ಮೈ ಕಚ್ಚಿ ಹಿಡಿಯುವ ಉದ್ದ ಕಲ್ಲು ಇಡಿಸುವುದು, ಬಾಗಿಲಿನ ಮೇಲ್ಮಟ್ಟದಲ್ಲಿ ಮನೆಯ ಸುತ್ತ ಕಬ್ಬಿಣ ಕಟ್ಟಿದ ಕಾಂಕ್ರೀಟ್ ಪಟ್ಟಿ ಹಾಕಿಸುವುದು ಮಾತ್ರ ಊರಿನ ಮೇಸ್ತ್ರಿಯ ಕೈಯಲ್ಲೇ ಇದೆ.