ಹನ್ನೊಂದನೆಯ ಕ್ರಮಾಂಕ: ಅನಂತ ಪೈ ಅವರ ಚಿತ್ರಕಥಾ ಜೀವನ

‘ಅಮರ ಚಿತ್ರಕಥಾ’ ಮಾಲೆಯ ಹಳೆಯ ಇಂಗ್ಲಿಷ್ ಪುಸ್ತಿಕೆಗಳನ್ನು ಕ್ರಮವಾಗಿ ಜೋಡಿಸಿಡಲು ಹೊರಟವರಿಗೆ ಒಂದು ತೊಡಕು ಎದುರಾಗುತ್ತದೆ. ಮಾಲೆಯ ಮೊದಲ ಭಾರತೀಯ ಕಥೆಯಾದ ‘ಕೃಷ್ಣ’ದ ಕ್ರಮಾಂಕ 1 ಅಲ್ಲ, 11. ಲೆಕ್ಕದ ಪುಸ್ತಕಗಳ ನಡುವೆ ದಿನ ಕಳೆಯುವ ನನ್ನಂಥವನಿಗೆ ಹತ್ತು ನಮೂದುಗಳು ಕಾಣೆಯಾದರೆ ಸುಮ್ಮನಿರುವುದು ಕಷ್ಟ. ಅವುಗಳ ಜಾಡು ಹಿಡಿದು ಹೋದರೆ ನಾವು ಬೆಂಗಳೂರನ್ನು ತಲಪುತ್ತೇವೆ.

ಅನಂತ ಪೈ ಅವರು 1929ರ ಸೆಪ್ಟೆಂಬರ್ 17ರಂದು ಕಾರ್ಕಳದಲ್ಲಿ ಜನಿಸಿದರು. ಮನೆಮಾತು ಕೊಂಕಣಿ. ಎರಡು ವರ್ಷದ ಎಳವೆಯಲ್ಲಿಯೇ ತಂದೆತಾಯಿಗಳನ್ನು ಕಳೆದುಕೊಂಡ ಈ ಬಾಲಕ ಹನ್ನೆರಡರ ವಯಸ್ಸಿನಲ್ಲಿ ಮುಂಬಯಿಯನ್ನು ಸೇರಿದನು. ಮಾಹಿಮಿನ ಓರಿಯಂಟ್ ಶಾಲೆಯಲ್ಲಿ ಓದಿ, ಮುಂದೆ ಮುಂಬಯಿ ವಿಶ್ವವಿದ್ಯಾನಿಲಯದಲ್ಲಿ ರಸಾಯನ ತಂತ್ರಜ್ಞಾನವನ್ನು ಅಭ್ಯಸಿಸಿದರೂ ಮನಸ್ಸು ಅಚ್ಚುಕೂಟದ ಕಡೆಗೇ ಎಳೆಯುತ್ತಿದ್ದಿತು. 1954ರಲ್ಲಿ ಹೊರಡಿಸಿದ ‘ಮಾನವ’ ಎಂಬ ಮಕ್ಕಳ ಪತ್ರಿಕೆ ನಿಲ್ಲಲಿಲ್ಲ. ಆಮೇಲೆ ಟೈಮ್ಸ್ ಆಫ್ ಇಂಡಿಯಾ ಸಂಸ್ಥೆಯ ಪುಸ್ತಕ ವಿಭಾಗವನ್ನು ಸೇರಿದರು. ಆ ಸಂಸ್ಥೆ 1964ರಲ್ಲಿ ಆರಂಭಿಸಿದ ‘ಇಂದ್ರಜಾಲ ಕಾಮಿಕ್ಸ್’ನಲ್ಲಿ ಅವರ ಕೈ ಪಳಗಿತು. ಅಲ್ಲಿಯ ನಾಯಕನು ಮಾತ್ರ ಪರದೇಶದ ಫ್ಯಾಂಟಮ್.

ಮುಂದಿನ ಪ್ರಸಂಗವು ಬಹುಶ್ರುತವಾದುದು. 1967ರ ಫೆಬ್ರುವರಿಯಲ್ಲಿ ಪೈ ಅವರು ದೆಹಲಿಯಲ್ಲಿ ದೂರದರ್ಶನದ ಪ್ರಶ್ನೋತ್ತರ ಸ್ಪರ್ಧೆಯೊಂದನ್ನು ನೋಡಿದರು. ಗ್ರೀಕ್ ದೇವತೆಗಳ ಹೆಸರನ್ನು ಥಟ್ಟನೆ ಹೇಳಿದ ವಿದ್ಯಾರ್ಥಿಗಳು ರಾಮನ ತಾಯಿ ಯಾರೆಂದು ಹೇಳಲಾರದೆ ಹೋದರು. ಇದೇ ಮಾಲೆಯ ಹುಟ್ಟು ಎಂಬುದು ರೂಢಿಯ ಮಾತು. ಆದರೆ ಇಂಡಿಯಾ ಬುಕ್ ಹೌಸ್‌ನ ಬೆಂಗಳೂರು ಶಾಖೆಯನ್ನು ನೋಡಿಕೊಳ್ಳುತ್ತಿದ್ದ ಜಿ. ಕೆ. ಅನಂತರಾಮ್ ಅವರ ಹೇಳಿಕೆ ಬೇರೆ. 1965ರಲ್ಲಿಯೇ ತಮ್ಮ ಪ್ರಯತ್ನದಿಂದ ಹತ್ತು ಚಿತ್ರಕಥೆಗಳು ಕನ್ನಡದಲ್ಲಿ ಪ್ರಕಟವಾಗಿ ಚೆನ್ನಾಗಿ ಮಾರಾಟವಾದವೆಂದೂ, ಆ ಧೈರ್ಯದಿಂದಲೇ ಮುಂಬಯಿಯ ಮುಖ್ಯ ಕಚೇರಿಯು ಇಂಗ್ಲಿಷಿಗೆ ಕೈಹಾಕಿತೆಂದೂ ಅವರು ಹೇಳಿದ್ದಾರೆ. ಹನ್ನೊಂದೆಂಬ ಅಂಕಿಯು ಅವರ ಪರವಾಗಿ ಸಾಕ್ಷಿ ನುಡಿಯುತ್ತದೆ.

ಹಾಗೆಂದು ನಾವು ಹೊರನಾಡಿನ ಕನ್ನಡಿಗರು ಹಿಗ್ಗಿ ಜಯಘೋಷ ಮಾಡಬೇಕಾಗಿಲ್ಲ. ಆ ಹತ್ತು ಪುಸ್ತಿಕೆಗಳು ಪಾಶ್ಚಾತ್ಯ ಕಥೆಗಳ ಅನುವಾದಗಳಾಗಿದ್ದವು. ಅಲ್ಲಿ ಕುಮಾರವ್ಯಾಸನೂ ಇಲ್ಲ, ಕಿತ್ತೂರೂ ಇಲ್ಲ. ಪಾತ್ರೆ ಕನ್ನಡದ್ದು, ಅದರಲ್ಲಿ ಬಡಿಸಿದ ಅನ್ನ ಪೈ ಅವರದು ಎಂದರೆ ಎರಡು ಹೇಳಿಕೆಗಳಿಗೂ ನ್ಯಾಯ ಸಲ್ಲುತ್ತದೆಂದು ನನ್ನ ಅಭಿಪ್ರಾಯ.

ನಾಸಿಕದ ವಾಚಕರಿಗೆ ಇದನ್ನು ಹೋಲುವ ಮತ್ತೊಂದು ಕಥೆ ನೆನಪಾಗದಿರದು. ಇಲ್ಲಿಯ ತ್ರ್ಯಂಬಕದಲ್ಲಿ ಹುಟ್ಟಿದ ದಾದಾಸಾಹೇಬ ಫಾಳ್ಕೆಯವರು 1910ರ ಸುಮಾರಿಗೆ ಮುಂಬಯಿಯಲ್ಲಿ ಕ್ರಿಸ್ತನ ಜೀವನದ ಮೂಕಿಚಿತ್ರವನ್ನು ನೋಡುತ್ತ, ನಮ್ಮ ರಾಮಕೃಷ್ಣರನ್ನು ತೆರೆಯ ಮೇಲೆ ಕಾಣುವುದೆಂದಿಗೆ ಎಂದು ಹಂಬಲಿಸಿದವರು. 1918ರಲ್ಲಿ ಅವರು ‘ಶ್ರೀಕೃಷ್ಣ ಜನ್ಮ’ವನ್ನು ತೆರೆಗೆ ತಂದರು. ಅರ್ಧ ಶತಮಾನದ ಅನಂತರ ಪೈ ಅವರೂ ಕೃಷ್ಣನಿಂದಲೇ ತೊಡಗಿದರು. ಛತ್ರಪತಿ ಸಂಭಾಜಿನಗರದ ಮಿತ್ರರಂತೂ ಇನ್ನೂ ಹಿಂದಕ್ಕೆ ಹೋಗಬಹುದು. ಎಲ್ಲೋರದ ಕೈಲಾಸ ದೇವಾಲಯದ ಉತ್ತರದ ಗೋಡೆಯಲ್ಲಿ ಮಹಾಭಾರತ ಮತ್ತು ಕೃಷ್ಣಲೀಲೆಗಳನ್ನೂ, ದಕ್ಷಿಣದ ಗೋಡೆಯಲ್ಲಿ ರಾಮಾಯಣವನ್ನೂ ಅಡ್ಡಸಾಲುಗಳಾಗಿ ಕಡೆದಿದ್ದಾರೆ. ಸಾಲು ಹಿಡಿದು ಓದುತ್ತ ಹೋಗಬೇಕು, ಪುಟದ ಚೌಕಗಳನ್ನು ಓದಿದಂತೆ. ಕಡೆಯಿಸಿದವರು 8ನೆಯ ಶತಮಾನದ ನಮ್ಮ ರಾಷ್ಟ್ರಕೂಟರು. ಕಡೆದವರ ಹೆಸರು ಮಾತ್ರ ಲೋಕದ ಬಾಯಲ್ಲಿ ಉಳಿದಿಲ್ಲ.

ಚಿತ್ರಕಥೆಯಲ್ಲಿಯೂ ಹೆಚ್ಚುಕಡಮೆ ಇದೇ ಆಯಿತು. ಪೈ ಅವರು ಕಥೆಯನ್ನು ದೃಶ್ಯಗಳಾಗಿ ಒಡೆದು, ಮಾತನ್ನು ಹೊಂದಿಸಿದ ಲೇಖಕ-ಸಂಪಾದಕರೇ ಹೊರತು ಕುಂಚ ಹಿಡಿದವರಲ್ಲ. ‘ಕೃಷ್ಣ’ಕ್ಕೆ ರೂಪ ಕೊಟ್ಟವರು ರಾಮ್ ವಾಈರ್ಕರ್. 1980ರಲ್ಲಿ ಪೈ ಅವರು ಆರಂಭಿಸಿದ ‘ಟಿಂಕಲ್’ ಪತ್ರಿಕೆಯಲ್ಲಿ ಪೆದ್ದ ಸುಪ್ಪಾಂಡಿಗೆ ಆ ಉದ್ದನೆಯ ಮುಖವನ್ನು ಕೊಟ್ಟವರೂ ಅವರೇ. ಮಕ್ಕಳು ‘ಅಂಕಲ್ ಪೈ’ಗೆ ಕಾಗದ ಬರೆದರು, ಸುಪ್ಪಾಂಡಿಯನ್ನು ಬಲ್ಲ ಮನೆಗಳಲ್ಲಿ ವಾಈರ್ಕರರನ್ನು ಬಲ್ಲವು ಎಷ್ಟು?

ಸಂಪಾದಕರ ಹೊಣೆಯೂ ಹಗುರಾದುದಲ್ಲ. ವಿಜ್ಞಾನ ಓದಿದ ಪೈ ಅವರು ‘ಕೃಷ್ಣ’ದ ಮೊದಲ ಆವೃತ್ತಿಯಲ್ಲಿ ಪವಾಡಗಳಿಗೆ ಹಿಂಜರಿದು ಗೋವರ್ಧನೋದ್ಧಾರವನ್ನು ಕೈಬಿಟ್ಟಿದ್ದರು; ಬಳಿಕದ ಆವೃತ್ತಿಯಲ್ಲಿ ಬೆಟ್ಟವು ಕಿರುಬೆರಳನ್ನೇರಿತು. ಜನರ ಶ್ರದ್ಧೆಗೂ ತನ್ನ ತರ್ಕಕ್ಕೂ ನಡುವೆ ನಿಂತ ಅವರ ಇಕ್ಕಟ್ಟು ಇಲ್ಲಿ ಕಾಣುತ್ತದೆ. ರಾಕ್ಷಸರಿಗೆಲ್ಲ ಕಪ್ಪು ಮೈ ಬಳಿಯುವ ಮಾಲೆಯ ಚಾಳಿಯನ್ನು ವಿದ್ವಾಂಸರು ಆಕ್ಷೇಪಿಸಿರುವುದೂ ಯುಕ್ತವೇ. ಶಾಲೆಗಳು ಮೊದಲು ಈ ಪುಸ್ತಿಕೆಗಳನ್ನು ಹತ್ತಿರ ಸೇರಿಸಲಿಲ್ಲ. ಪಟ್ಟು ಬಿಡದ ಪೈ ಅವರು ಕಡೆಗೆ ಉಪಾಧ್ಯಾಯರ ಮನಸ್ಸನ್ನೂ ಗೆದ್ದರು. 2011ರ ಫೆಬ್ರುವರಿ 24ರಂದು ಅವರು ಮುಂಬಯಿಯಲ್ಲಿ ನಿಧನರಾದಾಗ ಮಾಲೆಯು ನಾನೂರನ್ನು ದಾಟಿದ್ದಿತು.

ಆ ಮೊದಲ ಹತ್ತು ಕನ್ನಡ ಪುಸ್ತಿಕೆಗಳ ಪೈಕಿ ಒಂದಾದರೂ ಯಾವ ಸದಸ್ಯರ ಮನೆಯ ಅಟ್ಟದಲ್ಲಾದರೂ ಉಳಿದಿದ್ದರೆ, ಅದನ್ನು ರದ್ದಿಗೆ ಹಾಕದೆ ಸಂಘದ ಗ್ರಂಥಭಂಡಾರಕ್ಕೆ ತಲಪಿಸಬೇಕೆಂದು ಕೋರುತ್ತೇನೆ. ಅನುವಾದಕರ ಹೆಸರು ಒಳಪುಟದಲ್ಲಿ ಅಚ್ಚಾಗಿದೆಯೇ ಎಂಬುದನ್ನು ಮೊದಲು ನೋಡಬೇಕಾಗಿದೆ.