ವಜಾ ಆದೇಶಕ್ಕೂ ಮೊದಲು ಕೇಳಲೇಬೇಕಾದ ಮಾತು

ಸರ್ಕಾರಿ ಆರೋಗ್ಯ ಸಿಬ್ಬಂದಿಯನ್ನು ಕೆಲಸದಿಂದ ತೆಗೆಯುವ ಮೊದಲು ಅವರ ಅಹವಾಲು ಕೇಳಬೇಕೆಂಬುದು ಕಾನೂನಿನ ಕಟ್ಟಳೆ. ಆದರೆ ಅದರ ಬಲ ಎಲ್ಲರಿಗೂ ಒಂದೇ ಆಗಿಲ್ಲ. ದಾವಣಗೆರೆ ಜಿಲ್ಲೆಯ ಚನ್ನಗಿರಿ, ಹೊನ್ನಾಳಿ, ನ್ಯಾಮತಿ, ಜಗಳೂರು ತಾಲ್ಲೂಕುಗಳಲ್ಲೂ ರಾಜ್ಯದ ಉಳಿದೆಡೆಯಂತೆಯೇ ಕಾಯಂ ನೌಕರರು, ರಾಷ್ಟ್ರೀಯ ಆರೋಗ್ಯ ಅಭಿಯಾನದ ಗುತ್ತಿಗೆಯವರು, ಏಜೆನ್ಸಿ ಮೂಲಕ ಬಂದ ಹೊರಗುತ್ತಿಗೆಯವರು, ಗೌರವಧನ ಪಡೆಯುವ ಆಶಾ ಕಾರ್ಯಕರ್ತೆಯರು ಜೊತೆಯಾಗಿ ದುಡಿಯುತ್ತಾರೆ. ದೂರು ಬಂದ ದಿನ ಮಾತ್ರ ಯಾರ ನೇಮಕಾತಿ ಆದೇಶದಲ್ಲಿ ಏನು ಬರೆದಿದೆ ಎಂಬುದೇ ಮುಖ್ಯವಾಗಿಬಿಡುತ್ತದೆ.

ಗಟ್ಟಿ ರಕ್ಷಣೆ ಇರುವುದು ಕಾಯಂ ನೌಕರರಿಗೆ. ಸಂವಿಧಾನದ 311ನೇ ವಿಧಿಯ ಪ್ರಕಾರ, ನೇಮಕ ಮಾಡಿದ ಪ್ರಾಧಿಕಾರಕ್ಕಿಂತ ಕೆಳಗಿನ ಅಧಿಕಾರಿ ಅವರನ್ನು ವಜಾ ಮಾಡುವಂತಿಲ್ಲ. ಆರೋಪ ತಿಳಿಸಿ, ವಿಚಾರಣೆ ನಡೆಸಿ, ಉತ್ತರಿಸಲು ತಕ್ಕ ಅವಕಾಶ ಕೊಡದೆಯೂ ವಜಾ ಮಾಡುವಂತಿಲ್ಲ. ಇದನ್ನು ಕಾರ್ಯರೂಪಕ್ಕೆ ತರುವುದು ಕಚೇರಿಗಳಲ್ಲಿ ‘ಸಿಸಿಎ ರೂಲ್ಸ್’ ಎಂದೇ ಪರಿಚಿತವಾದ 1957ರ ಕರ್ನಾಟಕ ನಾಗರಿಕ ಸೇವಾ (ವರ್ಗೀಕರಣ, ನಿಯಂತ್ರಣ ಮತ್ತು ಮೇಲ್ಮನವಿ) ನಿಯಮಗಳು. ದೋಷಾರೋಪಣಾ ಪಟ್ಟಿಯ ಜೊತೆಗೆ ದಾಖಲೆಗಳ ಹಾಗೂ ಸಾಕ್ಷಿಗಳ ಪಟ್ಟಿಯೂ ನೌಕರನ ಕೈಸೇರಬೇಕು. ಆತ ದಾಖಲೆಗಳನ್ನು ನೋಡಬಹುದು, ಲಿಖಿತ ಹೇಳಿಕೆ ಕೊಡಬಹುದು, ಇಲಾಖೆಯ ಸಾಕ್ಷಿಗಳನ್ನು ಪಾಟೀಸವಾಲಿಗೆ ಒಳಪಡಿಸಬಹುದು, ಇನ್ನೊಬ್ಬ ಸರ್ಕಾರಿ ನೌಕರನ ನೆರವು ಪಡೆಯಬಹುದು. ವಿಚಾರಣಾ ವರದಿಯ ಪ್ರತಿ ಕೊಟ್ಟು, ಅದರ ಬಗ್ಗೆ ನೌಕರನ ಆಕ್ಷೇಪ ಕೇಳಿದ ನಂತರವೇ ಶಿಸ್ತು ಪ್ರಾಧಿಕಾರ ತೀರ್ಮಾನಿಸಬೇಕೆಂದು ಸುಪ್ರೀಂ ಕೋರ್ಟ್ 1993ರ ಕರುಣಾಕರ್ ಪ್ರಕರಣದಲ್ಲಿ ಹೇಳಿತು. ಕ್ರಿಮಿನಲ್ ಶಿಕ್ಷೆಯಾದಾಗ, ವಿಚಾರಣೆ ನಡೆಸುವುದು ಕಾರ್ಯತಃ ಅಸಾಧ್ಯವಾದಾಗ, ರಾಜ್ಯದ ಭದ್ರತೆಯ ಪ್ರಶ್ನೆ ಬಂದಾಗ ಮಾತ್ರ ವಿನಾಯಿತಿ ಇದೆ.

ಆರೋಗ್ಯ ಇಲಾಖೆಯಲ್ಲಿ ಈ ವಿಧಾನಕ್ಕೆ ಬೇರೆಡೆಗಿಂತ ಹೆಚ್ಚಿನ ಬೆಲೆಯಿದೆ. ಬಾಣಂತಿ ತೀರಿಕೊಂಡರೆ ಊರಿನ ಸಿಟ್ಟು ಮೊದಲು ತಿರುಗುವುದು ಎದುರಿಗಿದ್ದ ನರ್ಸ್ ಕಡೆಗೆ. 2024ರ ನವೆಂಬರ್‌ನಲ್ಲಿ ಬಳ್ಳಾರಿಯಲ್ಲಿ ಬಾಣಂತಿಯರ ಸರಣಿ ಸಾವು ಸಂಭವಿಸಿದಾಗ ಅನುಮಾನ ಹೋದದ್ದು ಸರಬರಾಜಾಗಿದ್ದ ರಿಂಗರ್ ಲ್ಯಾಕ್ಟೇಟ್ ದ್ರಾವಣದ ಮೇಲೆ. ಕಾರಣ ಹೆರಿಗೆ ಕೋಣೆಯ ಆಚೆಗೂ ಇರಬಹುದು: ಔಷಧದಲ್ಲಿ, ತಡವಾಗಿ ಬಂದ ಆಂಬುಲೆನ್ಸ್‌ನಲ್ಲಿ, ಖಾಲಿ ಬಿದ್ದ ವೈದ್ಯರ ಹುದ್ದೆಯಲ್ಲಿ. ಹೆರಿಗೆ ರಿಜಿಸ್ಟರ್, ರೆಫರಲ್ ಚೀಟಿ, ದಾಸ್ತಾನು ವಹಿಗಳನ್ನು ಮುಂದಿಟ್ಟುಕೊಂಡು ಎರಡೂ ಕಡೆಯ ಮಾತನ್ನು ಕೇಳಿದರೆ ಮಾತ್ರ ಅದು ಬೆಳಕಿಗೆ ಬರುತ್ತದೆ. ನಿಜವಾದ ಕಾರಣ ಸಿಗದೆ ಒಬ್ಬರನ್ನು ಮನೆಗೆ ಕಳಿಸಿದರೆ ಮುಂದಿನ ಬಾಣಂತಿಗೂ ಅಪಾಯ ತಪ್ಪಿದ್ದಲ್ಲ.

ಅಮಾನತು ಶಿಕ್ಷೆಯಲ್ಲ, ಆ ಅವಧಿಯಲ್ಲಿ ಜೀವನಾಧಾರ ಭತ್ಯೆ ಕೊಡಲೇಬೇಕು. ಕೋಲಾರದ ಭಾರತ್ ಗೋಲ್ಡ್ ಮೈನ್ಸ್‌ನ ಭದ್ರತಾ ಅಧಿಕಾರಿಯೊಬ್ಬರಿಗೆ ಈ ಭತ್ಯೆ ಸಿಗದೆ, ಕೇರಳದಿಂದ ವಿಚಾರಣೆಗೆ ಬರಲು ಹಣವಿಲ್ಲದೆ, ಅವರ ಗೈರುಹಾಜರಿಯಲ್ಲೇ ವಿಚಾರಣೆ ಮುಗಿದಿತ್ತು. 1999ರಲ್ಲಿ ಸುಪ್ರೀಂ ಕೋರ್ಟ್ ಆ ವಜಾವನ್ನು ರದ್ದುಗೊಳಿಸಿತು. ಅಮಾನತಾದ ಮೂರು ತಿಂಗಳೊಳಗೆ ದೋಷಾರೋಪಣಾ ಪಟ್ಟಿ ಕೊಡದಿದ್ದರೆ ಅಮಾನತನ್ನು ಮುಂದುವರಿಸಬಾರದೆಂಬ ತೀರ್ಪು 2015ರಲ್ಲಿ ಬಂತು.

ಗುತ್ತಿಗೆಯವರ ಸ್ಥಿತಿ ಇಷ್ಟು ಭದ್ರವಲ್ಲ. ಅವಧಿ ಮುಗಿದಾಗ ನವೀಕರಿಸದೆ ಬಿಟ್ಟರೆ ಸಾಮಾನ್ಯವಾಗಿ ವಿಚಾರಣೆ ಕೇಳುವ ಹಕ್ಕಿಲ್ಲ. ಕಾಯಮಾತಿಯ ಬಾಗಿಲನ್ನು ಕರ್ನಾಟಕದಿಂದಲೇ ಹೋದ ಉಮಾದೇವಿ ಪ್ರಕರಣದ 2006ರ ತೀರ್ಪು ಬಹುಮಟ್ಟಿಗೆ ಮುಚ್ಚಿತು. ಹಾಗಿದ್ದರೂ, ಹಣ ದುರುಪಯೋಗ, ನಿರ್ಲಕ್ಷ್ಯ ಮುಂತಾದ ಕಳಂಕ ಹೊರಿಸಿ ಅವಧಿಗೆ ಮೊದಲೇ ತೆಗೆದರೆ ಅದು ಶಿಕ್ಷೆಯೇ. ಆದೇಶದ ಮಾತು ಎಷ್ಟೇ ಸೌಮ್ಯವಾಗಿರಲಿ, ಅದರ ಹಿಂದಿನ ನಿಜವಾದ ಕಾರಣವನ್ನು ನ್ಯಾಯಾಲಯ ನೋಡುತ್ತದೆ. ತಾತ್ಕಾಲಿಕ ನೌಕರರಿಗೂ ದಂಡನೆಯ ರೂಪದ ವಜಾದಿಂದ ರಕ್ಷಣೆಯಿದೆ ಎಂಬ ಮಾತು 1957ರ ಧಿಂಗ್ರಾ ತೀರ್ಪಿನಷ್ಟು ಹಳೆಯದು. ಹೊರಗುತ್ತಿಗೆಯವರಿಗೆ ಕಾರ್ಮಿಕ ಇಲಾಖೆಯೇ ಮೊದಲ ಮೆಟ್ಟಿಲು.

ಆಶಾ ಕಾರ್ಯಕರ್ತೆಯರನ್ನು ಸರ್ಕಾರ ಸ್ವಯಂಸೇವಕಿಯರೆಂದು ಕರೆಯುತ್ತದೆ. ಅವರಂತೆಯೇ ಗೌರವಧನದ ಮೇಲೆ ದುಡಿಯುವ ಅಂಗನವಾಡಿ ಕಾರ್ಯಕರ್ತೆಯರದು ನಾಗರಿಕ ಹುದ್ದೆಯಲ್ಲ, ಹಾಗಾಗಿ ಅವರು ಆಡಳಿತ ನ್ಯಾಯಮಂಡಳಿಗೆ ಹೋಗುವಂತಿಲ್ಲ ಎಂದು ಕರ್ನಾಟಕದ್ದೇ ಆದ ಅಮೀರ್‌ಬಿ ಪ್ರಕರಣದಲ್ಲಿ 2006ರಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ಇಂಥವರಿಗೆ ಉಳಿಯುವುದು ಸಹಜ ನ್ಯಾಯದ ಆಧಾರದ ಮೇಲೆ ಹೈಕೋರ್ಟ್‌ಗೆ ಸಲ್ಲಿಸುವ ರಿಟ್ ಅರ್ಜಿ. ಮನೆಮನೆ ತಿರುಗಿ ಗರ್ಭಿಣಿಯರ ಲೆಕ್ಕ ಇಡುವ ಹೆಂಗಸಿಗೆ ಬೆಂಗಳೂರಿನ ಹೈಕೋರ್ಟ್ ಮೊದಲ ನೆರವಾಗಬೇಕಾಗಿ ಬಂದಿರುವುದು ಅನ್ಯಾಯ. ಇಲಾಖೆಯೇ ಜಿಲ್ಲಾ ಮಟ್ಟದಲ್ಲಿ ಲಿಖಿತ ನೋಟಿಸ್ ಮತ್ತು ಅಹವಾಲಿನ ಕ್ರಮವೊಂದನ್ನು ಇವರಿಗೂ ಕಡ್ಡಾಯ ಮಾಡಬೇಕು.

ಕಾಯಂ ನೌಕರರು ಇಲಾಖಾ ಮೇಲ್ಮನವಿಯ ನಂತರ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ ಹೋಗಬಹುದು. ಅಂತಿಮ ಆದೇಶದಿಂದ ಸಾಮಾನ್ಯವಾಗಿ ಒಂದು ವರ್ಷದ ಕಾಲಮಿತಿ. ಯಾವ ವರ್ಗದವರೇ ಆಗಲಿ, ಕಾರಣ ಕೇಳುವ ನೋಟಿಸ್ ಬಂದರೆ ಗಡುವಿನೊಳಗೆ ಬರಹದಲ್ಲೇ ಉತ್ತರಿಸಿ, ಬೇಕಾದ ದಾಖಲೆಗಳನ್ನು ಅದರಲ್ಲೇ ಕೇಳಿ, ಸ್ವೀಕೃತಿ ಮೊಹರು ಬಿದ್ದ ಪ್ರತಿಯನ್ನು ಕೈಯಲ್ಲಿಟ್ಟುಕೊಳ್ಳಬೇಕು. ನ್ಯಾಯಮಂಡಳಿಯಾಗಲಿ ಹೈಕೋರ್ಟ್ ಆಗಲಿ ಮೊದಲು ನೋಡುವುದು ಆ ಕಾಗದಗಳನ್ನೇ.