ಲೇಖನಿ ಹಿಡಿಯದವರ ಸೆರೆಮನೆ

ಕನ್ನಡನಾಡಿನ ಕಾರಾಗೃಹಗಳಿಂದ ಹೊರಬಂದ ಬರಹಗಳಲ್ಲಿ ಮರೆಯಬಾರದ್ದೆಂದರೆ ಸ್ನೇಹಲತಾ ರೆಡ್ಡಿಯವರ ದಿನಚರಿ. ‘ಸಂಸ್ಕಾರ’ ಚಲನಚಿತ್ರದ ಚಂದ್ರಿಯಾಗಿ ಜನಮನದಲ್ಲಿ ನೆಲೆಸಿದ ಆ ಕಲಾವಿದೆಯನ್ನು ತುರ್ತುಪರಿಸ್ಥಿತಿಯ ಕಾಲದಲ್ಲಿ, 1976ರ ಮೇ ತಿಂಗಳಲ್ಲಿ ಬಂಧಿಸಿ, ಇಂದು ಫ್ರೀಡಂ ಪಾರ್ಕ್ ಎನಿಸಿರುವ ಬೆಂಗಳೂರಿನ ಹಳೆಯ ಜೈಲಿನಲ್ಲಿ ಇರಿಸಿದರು. ಒಂದು ತುದಿಗೆ ಕಬ್ಬಿಣದ ಸರಳು, ಮತ್ತೊಂದು ತುದಿಗೆ ಶೌಚಕ್ಕೆಂದು ನೆಲದಲ್ಲಿ ಕೊರೆದ ಕುಳಿ, ನಡುವೆ ಬರಿನೆಲವೇ ಶಯ್ಯೆ. ಇಂಥ ಒಂಟಿ ಕೋಣೆಯಲ್ಲಿ, ಉಬ್ಬಸವು ಉಸಿರನ್ನು ಕಟ್ಟುತ್ತಿದ್ದಾಗಲೂ, ಅವರು ಬರೆದದ್ದು ತಮ್ಮೊಬ್ಬರ ನೋವನ್ನಲ್ಲ. ಒಳಬಂದ ಹೆಂಗಸನ್ನು ಎಲ್ಲರೆದುರು ವಿವಸ್ತ್ರಗೊಳಿಸುವ ಕ್ರೌರ್ಯವನ್ನು ಕಂಡು, ವಿಧಿಸಿದ ಶಿಕ್ಷೆ ಸಾಲದೆಂದು ದೇಹವನ್ನೂ ಅವಮಾನಿಸಬೇಕೆ ಎಂದು ಅವರು ಕೇಳಿದರು. 1977ರ ಜನವರಿ 15ರಂದು ಪೆರೋಲಿನ ಮೇಲೆ ಬಿಡುಗಡೆಯಾದವರು ಐದೇ ದಿನಗಳಲ್ಲಿ ತೀರಿಕೊಂಡರು.

ಅಮೆರಿಕದ ಬರ್ಮಿಂಗ್‌ಹ್ಯಾಮ್ ಸೆರೆಮನೆಯಲ್ಲಿ, 1963ರ ಏಪ್ರಿಲಿನಲ್ಲಿ, ಮಾರ್ಟಿನ್ ಲೂಥರ್ ಕಿಂಗ್ ವೃತ್ತಪತ್ರಿಕೆಯ ಅಂಚುಗಳ ಮೇಲೆ ಬರೆಯತೊಡಗಿದ ಪತ್ರವೂ ಇದೇ ಕುಲದ್ದು. ಕರಿಯರಿಗೆ ‘ಇನ್ನಷ್ಟು ತಾಳಿ’ ಎಂದು ಬುದ್ಧಿ ಹೇಳುತ್ತಿದ್ದ ಸಜ್ಜನರಿಗೆ ಅವರು ಕೊಟ್ಟ ಉತ್ತರವದು.

ಆದರೆ ಅಕ್ಷರವೂ ಆಸರೆಯೂ ಇಲ್ಲದ ಸೆರೆಯಾಳು ತಾಳಿಕೊಂಡ ಕಾಲಕ್ಕೆ ಲೆಕ್ಕವಿಡುವವರು ಯಾರು? ಉಡಿಗಾಲ, ಗುಂಡ್ಲುಪೇಟೆಗಳ ನಮ್ಮ ಸೀಮೆಗೆ ಮೂಡಲಲ್ಲಿರುವ ಮಾದಪ್ಪನ ಬೆಟ್ಟದ ಆಚೆ, ಪಾಲಾರ್ ಬಳಿ, 1993ರ ಏಪ್ರಿಲ್ 9ರಂದು ಕಾಡುಗಳ್ಳ ವೀರಪ್ಪನ್ ತಂಡದ ನೆಲಬಾಂಬಿಗೆ 22 ಮಂದಿ ಬಲಿಯಾದರು. ಆ ಘೋರಕೃತ್ಯಕ್ಕೆ ದಂಡನೆ ಬೇಕಿತ್ತು, ನಿಜ. ಆದರೆ ಅದರ ಬೆನ್ನಿಗೆ ಭಯೋತ್ಪಾದನೆ ತಡೆಯುವ ಟಾಡಾ ಕಾಯಿದೆಯಡಿ ಹಿಡಿದೊಯ್ದ ನೂರಕ್ಕೂ ಮಿಕ್ಕ ಮಂದಿಯಲ್ಲಿ ಬಹುಪಾಲು ಜನ, ಮೈಸೂರಿನ ಸೆರೆಯಲ್ಲಿ ವರ್ಷಗಟ್ಟಲೆ ಸವೆದ ಮೇಲೆ, 2001ರಲ್ಲಿ ನಿರ್ದೋಷಿಗಳೆಂದು ಬಿಡುಗಡೆ ಹೊಂದಿದರು. ಕಾಯಿದೆಯೇ 1995ರಲ್ಲಿ ಕೊನೆಗೊಂಡಿತ್ತು. ಶಿಕ್ಷೆಗೊಳಗಾದ ನಾಲ್ವರ ಜೀವಾವಧಿಯನ್ನು ಸುಪ್ರೀಂ ಕೋರ್ಟು 2004ರಲ್ಲಿ ಮರಣದಂಡನೆಗೆ ಏರಿಸಿತು. ಅವರ ಕ್ಷಮಾದಾನದ ಅರ್ಜಿ ದೆಹಲಿಯಲ್ಲಿ ಒಂಬತ್ತು ವರ್ಷ ಕೊಳೆತು, 2013ರಲ್ಲಿ ತಿರಸ್ಕೃತವಾಯಿತು. ಆ ವಿಳಂಬವೇ ಅಮಾನುಷವೆಂದು 2014ರ ಜನವರಿ 21ರಂದು ಅದೇ ನ್ಯಾಯಾಲಯವು ನೇಣನ್ನು ತಪ್ಪಿಸಿತು.

ಕಾಡಂಚಿನ ಈ ಜನ ದಿನಚರಿ ಬರೆಯಲಿಲ್ಲ. ಮಾನವ ಹಕ್ಕು ಆಯೋಗವು ನೇಮಿಸಿದ ನ್ಯಾಯಮೂರ್ತಿ ಸದಾಶಿವ ಸಮಿತಿಯ ಮುಂದೆ ಬಾಯಿಬಿಟ್ಟು ನುಡಿದರು. ವೀರಪ್ಪನ್ ಬೇಟೆಯ ಪೊಲೀಸ್ ಕಾರ್ಯಾಚರಣೆಯಲ್ಲಿ ನೊಂದ 89 ಮಂದಿಗೆ 2.80 ಕೋಟಿ ರೂಪಾಯಿ ಪರಿಹಾರಕ್ಕೆ 2007ರಲ್ಲಿ ಶಿಫಾರಸೂ ಆಯಿತು. ಅವರ ಆ ನುಡಿಗಳನ್ನು, ಹೇಳಿದವರ ಮಾನಕ್ಕೆ ಕುಂದು ಬಾರದಂತೆ, ಕನ್ನಡದಲ್ಲಿ ಅಚ್ಚುಹಾಕಿಸಿ ನಮ್ಮ ಊರೂರಿನ ಗ್ರಂಥಾಲಯಗಳಲ್ಲಿ ಸ್ನೇಹಲತಾ ಅವರ ದಿನಚರಿಯ ಪಕ್ಕದಲ್ಲಿಯೇ ಇರಿಸಬೇಕೆಂಬುದು ನನ್ನ ಬೇಡಿಕೆ.